ಅನುಮತಿ ಮುಗಿದ ಕಾಳಗ: ಒಂದು ವಿಡಿಯೋ ಆಟದ ಅಲಭ್ಯತೆ ಮತ್ತು ಸಂರಕ್ಷಣೆ

ಇತಿಹಾಸಕ್ಕೆ ಆಕರವೆಂದರೆ ಶಾಸನ, ಓಲೆಗರಿ, ಕಡತಗಳೇ ಎಂಬ ಭಾವನೆ ನಮ್ಮಲ್ಲಿ ಬೇರೂರಿದೆ. ಕೆಂಪಾಪುರದ ನೆರೆಯ ಹೆಬ್ಬಾಳದಲ್ಲಿ 2018ರಲ್ಲಿ ಚರಂಡಿಯ ಕೆಲಸಕ್ಕಾಗಿ ಅಗೆಯುವಾಗ ದೊರೆತ ಕಿತ್ತಯ್ಯನ ವೀರಗಲ್ಲು ಗಂಗರ ಶ್ರೀಪುರುಷನ ಕಾಲದ್ದು, ಎಂದರೆ ಎಂಟನೆಯ ಶತಮಾನದ್ದು. ಹೋರಾಡಿ ಮಡಿದವನೊಬ್ಬನ ಹೆಸರನ್ನು ಅದು ಯಾರ ಅನುಮತಿಯನ್ನೂ ಬೇಡದೆ ಕಾಪಾಡಿತು. ಕಾಳಗವೇ ವಸ್ತುವಾಗಿರುವ ನಮ್ಮ ಕಾಲದ ಕೃತಿಯೊಂದಾದರೋ ಹದಿಮೂರೇ ವರ್ಷಗಳಲ್ಲಿ ಮಾರಾಟದಿಂದ ಮರೆಯಾಯಿತು. ಅದರ ವೃತ್ತಾಂತವನ್ನು ಇಲ್ಲಿ ಪರಿಶೀಲಿಸುತ್ತೇವೆ.

ಜಪಾನಿನ ಕ್ಯಾಪ್‌ಕಾಮ್ ಸಂಸ್ಥೆಯು 2000ದಲ್ಲಿ ಹೊರತಂದ 'ಮಾರ್ವೆಲ್ ವರ್ಸಸ್ ಕ್ಯಾಪ್‌ಕಾಮ್ 2' ಎಂಬ ಆಟದಲ್ಲಿ 56 ಪಾತ್ರಗಳಿವೆ. ಇವುಗಳಲ್ಲಿ ಅರ್ಧದಷ್ಟು ಅಮೆರಿಕದ ಮಾರ್ವೆಲ್ ಚಿತ್ರಕಥೆಗಳಿಂದ ಎರವಲಾಗಿ ಬಂದವು. ಎರವಲು ತಂದ ಒಡವೆಯನ್ನು ಕಾಲ ಬಂದಾಗ ಹಿಂದಿರುಗಿಸಲೇಬೇಕಷ್ಟೆ. ಮೊದಲು ಆರ್ಕೇಡ್ ಯಂತ್ರಗಳಲ್ಲಿ, ಬಳಿಕ ಮನೆಯ ಕನ್ಸೋಲುಗಳ ಡಿಸ್ಕುಗಳಲ್ಲಿ, 2009ರಲ್ಲಿ ಅಂತರಜಾಲದ ಮಾರಾಟದಲ್ಲಿ ಆಟವು ದೊರೆಯುತ್ತಿದ್ದಿತು. ಅದೇ ವರ್ಷ ಮಾರ್ವೆಲ್ ಸಂಸ್ಥೆಯು ಡಿಸ್ನಿಯ ವಶವಾಯಿತು. 2013ರ ಕೊನೆಗೆ ಮಾರಾಟವು ನಿಂತಿತು. ಆ ಮೇಲೆ ಹಳೆಯ ಡಿಸ್ಕುಗಳು ಸಂಗ್ರಾಹಕರ ಕೈಯಲ್ಲಿ ದುಬಾರಿಯಾದವು. 2021ರಲ್ಲಿ ಆಟಗಾರರೇ ಮರುಬಿಡುಗಡೆಗಾಗಿ ಚಳವಳಿ ಹೂಡಿದರು. 2024ರ ಸೆಪ್ಟೆಂಬರಿನಲ್ಲಿ ಏಳು ಆಟಗಳ ಸಂಪುಟವೊಂದರಲ್ಲಿ ಇದು ಪುನಃ ಪ್ರಕಟವಾಯಿತು.

ಈ ಅಲಭ್ಯತೆಯ ಸ್ವರೂಪವನ್ನು ಗುರುತಿಸುವುದು ಅಗತ್ಯ. ಕನ್ನಡದ ಮೊದಲ ವಾಕ್ಚಿತ್ರವಾದ 'ಸತಿ ಸುಲೋಚನಾ' 1934ರಲ್ಲಿ ತೆರೆ ಕಂಡಿತು. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವು ಸ್ಥಾಪನೆಯಾದುದು 1964ರಲ್ಲಿ. ಆ ಚಿತ್ರದ ಪ್ರತಿ ಇಂದು ಉಳಿದಿಲ್ಲ. ಅಲ್ಲಿ ನಾಶವಾದುದು ವಸ್ತುವೇ. ಮೇಲೆ ಹೇಳಿದ ಆಟದಲ್ಲಿಯಾದರೋ ವಸ್ತು ಉಳಿದಿದ್ದು, ಅದನ್ನು ಮಾರುವ ಹಕ್ಕು ಮಾತ್ರ ಅಳಿಯಿತು. ಇವೆರಡನ್ನೂ 'ಕಳೆದುಹೋಯಿತು' ಎಂಬ ಒಂದೇ ಮಾತಿನಿಂದ ಹೇಳುವ ರೂಢಿಯು ನಮಗೆ ಸಮ್ಮತವಲ್ಲ. ಮೊದಲನೆಯದಕ್ಕೆ ಮದ್ದಿಲ್ಲ, ಎರಡನೆಯದಕ್ಕೆ ಉಂಟು. ಆದರೆ ಎರಡನೆಯದನ್ನು ಬಹುಕಾಲ ಅಲಕ್ಷಿಸಿದರೆ ಅದು ಮೊದಲನೆಯದಾಗಿಯೇ ಪರಿಣಮಿಸುತ್ತದೆ: ಡಿಸ್ಕು ಸವೆಯುತ್ತದೆ, ಅದನ್ನು ಓದುವ ಯಂತ್ರವು ಕೆಡುತ್ತದೆ. ಅಮೆರಿಕದಲ್ಲಿ 2010ಕ್ಕೆ ಮೊದಲು ಪ್ರಕಟವಾದ ಆಟಗಳಲ್ಲಿ ಶೇಕಡ 87ರಷ್ಟು ಮಾರಾಟದಲ್ಲಿ ದೊರೆಯುವುದಿಲ್ಲವೆಂದು ಅಲ್ಲಿನ ವಿಡಿಯೋ ಗೇಮ್ ಹಿಸ್ಟರಿ ಫೌಂಡೇಶನ್ 2023ರಲ್ಲಿ ತಿಳಿಸಿತು.

ನಮ್ಮ ದೇಶದ ಕಾನೂನು ಈ ವಿಷಯದಲ್ಲಿ ವಿಚಿತ್ರವಾಗಿದೆ. 1954ರ ಗ್ರಂಥ ಸಲ್ಲಿಕೆ ಅಧಿನಿಯಮದಂತೆ ಪ್ರಕಾಶಕರು ಪುಸ್ತಕದ ಪ್ರತಿಗಳನ್ನು ನಿಯಮಿತ ಗ್ರಂಥಾಲಯಗಳಿಗೆ ಕಳುಹಿಸತಕ್ಕದ್ದು. ಆಟಗಳಿಗೆ ಆ ಭಾಗ್ಯವಿಲ್ಲ. 1957ರ ಕೃತಿಸ್ವಾಮ್ಯ ಅಧಿನಿಯಮಕ್ಕೆ 2012ರಲ್ಲಿ ಮಾಡಿದ ತಿದ್ದುಪಡಿಯು ಸಾರ್ವಜನಿಕ ಗ್ರಂಥಾಲಯಗಳಿಗೆ ಸಂರಕ್ಷಣೆಗಾಗಿ ವಿದ್ಯುನ್ಮಾನ ಪ್ರತಿ ಇಡಲು ಅವಕಾಶವಿತ್ತಿತು. ಆದರೆ ಆ ಗ್ರಂಥಾಲಯದಲ್ಲಿ ಅದೇ ಕೃತಿಯ ಡಿಜಿಟಲ್ ಅಲ್ಲದ ಪ್ರತಿ ಮೊದಲೇ ಇರಬೇಕು. ಹುಟ್ಟಿನಿಂದಲೇ ಡಿಜಿಟಲ್ ಆದ ಆಟಕ್ಕೆ ಅಂಥ ಪ್ರತಿ ಎಲ್ಲಿಂದ ಬರಬೇಕು? ಪುಸ್ತಕವನ್ನು ಮನಸ್ಸಿನಲ್ಲಿಟ್ಟು ಬರೆದ ವಾಕ್ಯವಿದು.

ತಿದ್ದುಪಡಿ ಬರುವವರೆಗೆ ಕಾಲೇಜುಗಳು ಕೈಕಟ್ಟಿ ಕೂರಬೇಕಾಗಿಲ್ಲ. ಆಟದ ಕೈಪಿಡಿ, ಪೆಟ್ಟಿಗೆ, ಜಾಹೀರಾತು, ಡಿಸ್ಕು ಇವುಗಳನ್ನು ಕೊಂಡು ಇಡುವುದಕ್ಕೆ ಯಾವ ಕಾನೂನಿನ ಅಡ್ಡಿಯೂ ಇಲ್ಲ. ಬೆಂಗಳೂರಿನ ಆಟದಂಗಡಿಗಳಲ್ಲಿ ನಾಣ್ಯ ಹಾಕಿ ಆಡಿದ ತಲೆಮಾರಿನವರ ಹೇಳಿಕೆಗಳನ್ನು ದಾಖಲಿಸುವ ಕೆಲಸವನ್ನು ವಿದ್ಯಾರ್ಥಿಗಳೇ ಈ ವರ್ಷದಿಂದಲೇ ಕೈಗೊಳ್ಳಬಹುದು.