ಹೆಸರು ಬದಲಾದರೆ ಪಗಾರ ತಪ್ಪಬೇಕೇ?

1915ರಲ್ಲಿ ಚಿನ್ನದ ಗಣಿಯ ಎಂಜಿನಿಯರ್ ಸಿ. ಬೀಡನ್ ಮಸ್ಕಿಯ ಬಂಡೆಯ ಮೇಲೆ ಅಶೋಕನ ಶಾಸನ ಕಂಡ. ದೊಡ್ಡವರಷ್ಟೇ ಅಲ್ಲ, ಸಣ್ಣವನೂ ಧರ್ಮದಿಂದ ಮೇಲೇರಬಲ್ಲ ಅಂತ ಅದರ ಸಾರ. ರಾಜನ ಹೆಸರು ಚರಿತ್ರೆಗೆ ಸೇರಿತು. ಅಕ್ಷರ ಕೊರೆದವನಿಗೆ ಕೂಲಿ ಎಷ್ಟು ಸಿಕ್ಕಿತು ಅಂತ ಆ ಕಲ್ಲು ಹೇಳುವುದಿಲ್ಲ.

ದುಡಿಸಿಕೊಂಡು ಕೊಡದೆ ಇರಲು ಉಳ್ಳವರು ಕಂಡುಕೊಂಡ ಹಳೇ ಉಪಾಯ ಒಂದೇ: ಕೆಲಸಕ್ಕೆ ಬೇರೆ ಹೆಸರಿಡುವುದು. 1976ರ ಜೀತ ನಿರ್ಮೂಲನ ಕಾಯ್ದೆ ಅಂಥ ಹೆಸರುಗಳನ್ನು ಪಟ್ಟಿ ಮಾಡಿದೆ. ಅದರಲ್ಲಿ ಜೀತ, ಭಗೇಲಾಗಳ ಜೊತೆಗೆ 'ಹೊಲ್ಯ' ಎಂಬುದೂ ಇದೆ. ಜಾತಿಯ ಹೆಸರೇ ಬಿಟ್ಟಿ ದುಡಿಮೆಯ ಹೆಸರಾಗಿತ್ತು!

ತುಂಗಭದ್ರಾ ಎಡದಂಡೆ ಕಾಲುವೆ ಬಂದು ಸಿಂಧನೂರಿನ ಎರೆಹೊಲ ಭತ್ತದ ಗದ್ದೆಯಾಯಿತು. ಕಾಲುವೆ, ರಸ್ತೆ, ಕಟ್ಟಡಕ್ಕೆ ಕೈ ಬೇಕಾದವು. ಇಡೀ ಕರ್ನಾಟಕದಲ್ಲಿ ಸರಕಾರವೇ ಸಾವಿರಾರು ಜನರನ್ನು 'ದಿನಗೂಲಿ' ಎಂಬ ಹೆಸರಿನಲ್ಲಿ ವರ್ಷಗಟ್ಟಲೆ ದುಡಿಸಿತು.

1982 ದೊಡ್ಡ ವರ್ಷ. ಆ ಸೆಪ್ಟೆಂಬರಿನಲ್ಲಿ ಏಷ್ಯಾಡ್ ಕಾರ್ಮಿಕರ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಹೇಳಿತು: ಕನಿಷ್ಠ ಕೂಲಿಗಿಂತ ಕಮ್ಮಿ ಕೊಟ್ಟು ದುಡಿಸಿದರೆ ಅದು ಸಂವಿಧಾನದ 23ನೇ ವಿಧಿ ನಿಷೇಧಿಸಿದ ಬಲವಂತದ ದುಡಿಮೆ. ಹಸಿವೂ ಬಲವಂತವೇ. ಡಿಸೆಂಬರಿನಲ್ಲಿ ನಕಾರಾ ಮೊಕದ್ದಮೆಯಲ್ಲಿ, ಪಿಂಚಣಿ ಸರಕಾರದ ಕೃಪೆಯಲ್ಲ, ದುಡಿದದ್ದಕ್ಕೆ ಬರಬೇಕಾದ ಹಕ್ಕು ಎಂದಿತು. ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ಅಕ್ಷರಸ್ಥ ದಿನಗೂಲಿಗಳ ಸಂಘ ಹೂಡಿದ ಮೊಕದ್ದಮೆ 1990ರಲ್ಲಿ ತೀರ್ಮಾನವಾಗಿ, 10 ವರ್ಷ ದುಡಿದ 18,600 ಜನರನ್ನು ಕಾಯಂ ಮಾಡುವ ಆದೇಶ ಬಂತು.

2006ರಲ್ಲಿ ಕರ್ನಾಟಕದ್ದೇ ಉಮಾದೇವಿ ಮೊಕದ್ದಮೆ ಆ ಬಾಗಿಲನ್ನು ಬಹುಪಾಲು ಮುಚ್ಚಿತು. 2016ರಲ್ಲಿ ಜಗಜೀತ್ ಸಿಂಗ್ ಮೊಕದ್ದಮೆಯಲ್ಲಿ, ಕಾಯಂ ಅಲ್ಲದಿದ್ದರೂ ಸಮಾನ ಕೆಲಸಕ್ಕೆ ಸಮಾನ ವೇತನ ಎಂಬ ತೀರ್ಪು ಬಂತು. ಅಂದರೆ ಹುದ್ದೆಯ ಹಕ್ಕು ಬೇರೆ, ದುಡಿದದ್ದರ ಹಕ್ಕು ಬೇರೆ.

ಈಗ ಕಚೇರಿಗಳಲ್ಲಿ ಹೊಸ ಹೆಸರು: 'ಸಲಹೆಗಾರ'. ನಿವೃತ್ತರಾದವರನ್ನೇ ಮತ್ತೆ ಕರೆದು, ಅದೇ ಕುರ್ಚಿ, ಅದೇ ಕಡತ ಕೊಡುತ್ತಾರೆ. ಪಗಾರ ನಿಂತಾಗ ಮಾತ್ರ "ನೀವು ನೌಕರರಲ್ರಿ, ಕರಾರಿನವರು" ಅನ್ನುತ್ತಾರೆ. ಕಾರ್ಮಿಕ ನ್ಯಾಯಾಲಯಕ್ಕೆ ಹೋದರೆ ಇವರು 'ಕಾರ್ಮಿಕ'ರೇ ಅಲ್ಲ ಅಂತ ತಕರಾರು. ಸಿವಿಲ್ ನ್ಯಾಯಾಲಯಕ್ಕೆ ಹೋಗಬೇಕಾದರೆ 1963ರ ಕಾಲಮಿತಿ ಕಾಯ್ದೆಯ ಮೂರು ವರ್ಷದ ಗಡುವು. "ಮುಂದಿನ ತಿಂಗಳು ಆಗ್ತದ" ಅನ್ನುವ ಬಾಯಿಮಾತನ್ನೇ ನಂಬಿ ಕೂತರೆ ಗಡುವು ಕಳೆದುಹೋಗುತ್ತದೆ.

ಕಲಿತ ನಿವೃತ್ತನಿಗೇ ಈ ಗತಿಯಾದರೆ ಹೆಬ್ಬೆಟ್ಟು ಒತ್ತುವ ದಿನಗೂಲಿಯ ಪಾಡೇನು? ಆದ್ದರಿಂದ ಊರ ಮೇಷ್ಟ್ರುಗಳೇ, ಓದುವ ಹುಡುಗರೇ: ದುಡಿದ ದಿನಗಳ ಲೆಕ್ಕ ಬರೆದಿಡಿಸಿ. ಆದೇಶದ ಪ್ರತಿ ಕೇಳಿಸಿ. ಬಾಕಿ ಕೇಳಿ ಅರ್ಜಿ ಕೊಡಿಸಿ, ಅದಕ್ಕೆ ತಾರೀಖಿನ ಮುದ್ರೆ ಹಾಕಿಸಿಕೊಳ್ಳಿ. ನ್ಯಾಯಾಲಯದ ಮುಂದೆ ಬೆವರು ಮಾತಾಡುವುದಿಲ್ಲ, ಕಾಗದ ಮಾತಾಡುತ್ತದೆ. ನಮ್ಮವರ ಕೈಯಲ್ಲೂ ಆ ಕಾಗದ ಇರಲಿ.