ಪುಸ್ತಕ ಯಾರ ಸೊತ್ತು?

1667ನೆಯ ಇಸವಿ ಏಪ್ರಿಲ್ 27ರಂದು ಲಂಡನ್ನಿನಲ್ಲಿ ಒಂದು ಕರಾರುಪತ್ರವಾಯಿತು. ಬರೆದುಕೊಟ್ಟವನು ಕಣ್ಣು ಕಳೆದುಕೊಂಡಿದ್ದ ಮಹಾಕವಿ ಜಾನ್ ಮಿಲ್ಟನ್. ಬರೆಸಿಕೊಂಡವನು ಸ್ಯಾಮ್ಯುಯಲ್ ಸಿಮನ್ಸ್ ಎಂಬ ಮುದ್ರಕ. 'ಪ್ಯಾರಡೈಸ್ ಲಾಸ್ಟ್' ಕಾವ್ಯದ ಹಸ್ತಪ್ರತಿಯನ್ನೂ ಅದನ್ನು ಅಚ್ಚು ಹಾಕಿಸುವ ಹಕ್ಕನ್ನೂ ಕವಿ ಬಿಟ್ಟುಕೊಡತಕ್ಕದ್ದು. ಅದಕ್ಕೆ ಪ್ರತಿಯಾಗಿ ಕೈಮೇಲೆ 5 ಪೌಂಡು. ಮೊದಲ ಮುದ್ರಣದ 1300 ಪ್ರತಿಗಳು ಖರ್ಚಾದರೆ ಇನ್ನು 5 ಪೌಂಡು. ಮುಂದಿನ ಎರಡು ಮುದ್ರಣಗಳಿಗೂ ಇದೇ ಲೆಕ್ಕ. ಎರಡನೆಯ ಕಂತು 1669ರಲ್ಲಿ ಕವಿಯ ಕೈ ಸೇರಿತು. 1674ರಲ್ಲಿ ಅವನು ತೀರಿಕೊಂಡ. 1680ರಲ್ಲಿ ಅವನ ವಿಧವೆ 8 ಪೌಂಡು ತೆಗೆದುಕೊಂಡು ಉಳಿದ ಹಕ್ಕನ್ನೆಲ್ಲ ತೀರಿಸಿಬಿಟ್ಟಳು. ಒಂದು ಭಾಷೆಯ ಮಹಾಕಾವ್ಯಕ್ಕೆ ಕವಿಯ ಮನೆಯವರಿಗೆ ಬಂದ ಮೊತ್ತ 18 ಪೌಂಡು.

ಆ ಹಕ್ಕು ಅಲ್ಲಿಂದ ಕೈಬದಲಾಗುತ್ತ ಜೇಕಬ್ ಟಾನ್ಸನ್ ಎಂಬ ಪುಸ್ತಕ ವ್ಯಾಪಾರಿಯನ್ನು ಸೇರಿತು. 1683ರಲ್ಲಿ ಅರ್ಧ ಪಾಲನ್ನೂ 1690ರಲ್ಲಿ ಉಳಿದರ್ಧವನ್ನೂ ಅವನು ಕೊಂಡ. ಅವನಿಗೆ ಅದು ಬಂಗಾರದ ಗಣಿಯಾಯಿತು. ನೆಲ್ಲರ್ ಎಂಬ ಪ್ರಸಿದ್ಧ ಚಿತ್ರಗಾರ ಬರೆದ ಟಾನ್ಸನ್ನನ ಭಾವಚಿತ್ರದಲ್ಲಿ ಅವನ ಕೈಯಲ್ಲಿರುವ ಪುಸ್ತಕ ಅದೇ 'ಪ್ಯಾರಡೈಸ್ ಲಾಸ್ಟ್'. 1750ರ ಹೊತ್ತಿಗೆ ಮಿಲ್ಟನ್ನನ ಮೊಮ್ಮಗಳು ಎಲಿಜಬೆತ್ ಫಾಸ್ಟರ್ ಲಂಡನ್ನಿನಲ್ಲಿ ಬಡತನದಲ್ಲಿದ್ದಳು. ಅವಳ ಸಹಾಯಾರ್ಥವಾಗಿ ಆ ವರ್ಷ ನಟ ಗ್ಯಾರಿಕ್, ಮಿಲ್ಟನ್ನನದೇ 'ಕೋಮಸ್' ನಾಟಕವನ್ನು ಆಡಿಸಬೇಕಾಯಿತು. ಎರಡು ವರ್ಷ ಕಳೆಯುವಷ್ಟರಲ್ಲಿ, ಅಂದರೆ 1752ರಲ್ಲಿ, ಟಾನ್ಸನ್ ಮನೆತನದವರು ಬೇರೊಬ್ಬನು ಆ ಕಾವ್ಯವನ್ನು ಅಚ್ಚು ಹಾಕದಂತೆ ನ್ಯಾಯಾಸ್ಥಾನದಿಂದ ತಡೆಯಾಜ್ಞೆ ತಂದರು. ಕವಿ ಸತ್ತು ಆಗಲೇ 78 ವರ್ಷ.

ಇದನ್ನು ಕೇಳಿದರೆ ಯಾರಿಗಾದರೂ ಮನಸ್ಸು ನೋಯುತ್ತದೆ. ಆದರೆ ನೋವಿನಿಂದಲೇ ವಿಚಾರ ಮುಗಿಯುವುದಿಲ್ಲ. ಹೊಲ, ಮನೆ, ಒಡವೆಗಳಂತೆ ಕಾವ್ಯವೂ ಒಬ್ಬನ ಸೊತ್ತಾಗಬಲ್ಲುದೆ? ಆಗುವುದಾದರೆ ಯಾವ ನ್ಯಾಯದಿಂದ? ಎಷ್ಟು ಕಾಲ? ಇಂದು ನಾವು ಕಾಪಿರೈಟ್, ಪೇಟೆಂಟ್, ಬೌದ್ಧಿಕ ಸ್ವತ್ತು ಎಂದೆಲ್ಲ ಕರೆಯುವುದರ ಬುಡದಲ್ಲಿರುವ ಪ್ರಶ್ನೆ ಇದೇ. ಹದಿನೆಂಟನೆಯ ಶತಮಾನದ ಇಂಗ್ಲೆಂಡಿನಲ್ಲಿ ಇದು ಪಂಡಿತರ ಚರ್ಚೆಯಾಗಿ ಮಾತ್ರ ಉಳಿಯದೆ ನ್ಯಾಯಾಸ್ಥಾನದ ಕಟಕಟೆಗೂ ಬಂತು. ಆ ಕಥೆಯನ್ನು ಇಲ್ಲಿ ಹೇಳಬೇಕೆಂದಿದ್ದೇನೆ.

ಮೊದಲಿಗೆ ಗ್ರಂಥಸ್ವಾಮ್ಯವೆಂಬುದು ಗ್ರಂಥಕರ್ತನ ಹಕ್ಕೇ ಆಗಿರಲಿಲ್ಲ. 1557ರಲ್ಲಿ ಲಂಡನ್ನಿನ ಮುದ್ರಕರು ಮತ್ತು ಪುಸ್ತಕ ವ್ಯಾಪಾರಿಗಳ ಸಂಘಕ್ಕೆ ರಾಜಸನ್ನದು ದೊರೆಯಿತು. ಸಂಘದ ದಾಖಲೆ ಪುಸ್ತಕದಲ್ಲಿ ಯಾವ ಸದಸ್ಯನು ಒಂದು ಗ್ರಂಥದ ಹೆಸರನ್ನು ಬರೆಸಿದನೋ ಅದು ಅವನದು. ಅಚ್ಚಿನ ಮೇಲೆ ಕಣ್ಣಿಟ್ಟಿರಲು ಸರಕಾರಕ್ಕೆ ಸಂಘ ಬೇಕು. ಪೈಪೋಟಿಯನ್ನು ತಪ್ಪಿಸಿಕೊಳ್ಳಲು ಸಂಘಕ್ಕೆ ಸರಕಾರ ಬೇಕು. ಈ ಕೊಡುಕೊಳ್ಳುವಿಕೆ 1695ರವರೆಗೆ ನಡೆಯಿತು. ಆ ವರ್ಷ ಮುದ್ರಣ ಪರವಾನಗಿಯ ಕಾಯಿದೆ ತೀರಿಹೋಯಿತು. ವ್ಯಾಪಾರಿಗಳ ಕೋಟೆಗೆ ಬಾಗಿಲಿಲ್ಲದಂತಾಯಿತು.

ಅವರು ಪಾರ್ಲಿಮೆಂಟಿನ ಮೊರೆಹೊಕ್ಕರು. 1710ರಲ್ಲಿ, ಆನ್ ರಾಣಿಯ ಕಾಲದಲ್ಲಿ, ಒಂದು ಕಾಯಿದೆ ಹುಟ್ಟಿತು. ವಿದ್ಯೆಗೆ ಪ್ರೋತ್ಸಾಹ ಕೊಡುವುದು ತನ್ನ ಉದ್ದೇಶವೆಂದು ಅದು ತಲೆಬರಹದಲ್ಲೇ ಸಾರಿತು. ಹಕ್ಕನ್ನು ಮೊಟ್ಟಮೊದಲಿಗೆ ಗ್ರಂಥಕರ್ತನ ಹೆಸರಿನಲ್ಲಿ ಕೊಟ್ಟಿತು. ಜೊತೆಗೆ ಒಂದು ಗಡುವನ್ನೂ ಇಟ್ಟಿತು. ಹೊಸ ಪುಸ್ತಕಕ್ಕೆ 14 ವರ್ಷ. ಅಷ್ಟರ ಮೇಲೂ ಬರೆದವನು ಬದುಕಿದ್ದರೆ ಇನ್ನು 14 ವರ್ಷ. ಆಗಲೇ ಅಚ್ಚಾಗಿದ್ದ ಪುಸ್ತಕಗಳಿಗೆ 21 ವರ್ಷ. ಆಮೇಲೆ ಯಾರು ಬೇಕಾದರೂ ಅಚ್ಚು ಹಾಕಬಹುದು.

ವ್ಯಾಪಾರಿಗಳಿಗೆ ಈ ಗಡುವು ರುಚಿಸಲಿಲ್ಲ. ಅದನ್ನು ದಾಟಲು ಅವರಿಗೆ ತತ್ತ್ವಶಾಸ್ತ್ರದಿಂದ ಒಂದು ಏಣಿ ಸಿಕ್ಕಿತು. ಜಾನ್ ಲಾಕ್ ಎಂಬ ದಾರ್ಶನಿಕನು 1689ರಲ್ಲಿ ಪ್ರಕಟವಾದ ತನ್ನ ರಾಜ್ಯಶಾಸ್ತ್ರ ಗ್ರಂಥದಲ್ಲಿ ಸ್ವತ್ತಿನ ಮೂಲವನ್ನು ವಿಚಾರಿಸಿದ್ದ. ಭೂಮಿ ಎಲ್ಲರಿಗೂ ಸೇರಿದ್ದು. ಆದರೆ ತನ್ನ ದೇಹ, ಅದರ ದುಡಿಮೆ ಅವರವರದೇ. ಒಬ್ಬನು ಬೀಳುನೆಲಕ್ಕೆ ತನ್ನ ದುಡಿಮೆಯನ್ನು ಬೆರೆಸಿದಾಗ ಅದು ಅವನದಾಗುತ್ತದೆ. ಇದು ಅವನ ವಾದದ ತಿರುಳು. ವ್ಯಾಪಾರಿಗಳ ಪರ ವಕೀಲರು ಇದನ್ನೇ ಹಿಡಿದರು. ಹೊಲ ಉತ್ತವನಿಗೆ ಹೊಲ ಸೇರುವುದಾದರೆ, ತಲೆಯನ್ನೇ ಉತ್ತು ಕಾವ್ಯ ಬೆಳೆದವನಿಗೆ ಕಾವ್ಯ ಸೇರಬೇಡವೆ? ಹೊಲದ ಹಕ್ಕಿಗೆ ಗಡುವಿಲ್ಲ. ಮಕ್ಕಳು ಮೊಮ್ಮಕ್ಕಳಿಗೆ ಹೋಗುತ್ತದೆ, ಮಾರಿದರೆ ಕೊಂಡವನಿಗೆ ಶಾಶ್ವತವಾಗಿ ಸಲ್ಲುತ್ತದೆ. ಪುಸ್ತಕಕ್ಕೂ ಹಾಗೆಯೇ ಆಗಬೇಕು. 1710ರ ಕಾಯಿದೆ ಕೆಲವು ವರ್ಷಗಳ ಹೆಚ್ಚಿನ ರಕ್ಷಣೆ ಕೊಟ್ಟಿತೇ ಹೊರತು ನಿಸರ್ಗಸಿದ್ಧವಾದ ಹಕ್ಕನ್ನು ಕಿತ್ತುಕೊಳ್ಳಲಿಲ್ಲ. ಹೀಗೆ ಸಾಗಿತು ಅವರ ವಾದ.

ಇದರಲ್ಲಿ ಒಂದು ವಿನೋದವಿದೆ. ಲಾಕ್ ಸ್ವತಃ ಹಾಗೆ ಹೇಳಿರಲಿಲ್ಲ. ಪರವಾನಗಿ ಕಾಯಿದೆಯನ್ನು ಮುಂದುವರಿಸಬಾರದೆಂದು 1690ರ ದಶಕದಲ್ಲಿ ಅವನು ಬರೆದ ಟಿಪ್ಪಣಿಯೊಂದು ಉಳಿದುಬಂದಿದೆ. ಸಾವಿರಾರು ವರ್ಷಗಳ ಹಿಂದಿನ ಲ್ಯಾಟಿನ್ ಗ್ರಂಥಕರ್ತರ ಮೇಲೆ ಇಂದಿನ ವ್ಯಾಪಾರಿ ಹಕ್ಕು ಸಾಧಿಸುವುದು ಅಸಂಬದ್ಧವೆಂದು ಅದರಲ್ಲಿ ಹೇಳುತ್ತಾನೆ. ಬದುಕಿರುವ ಲೇಖಕರಿಂದ ಕೊಂಡ ಹಕ್ಕಿಗೂ ಕರ್ತೃವಿನ ಮರಣಾನಂತರವೋ ಮೊದಲ ಮುದ್ರಣವಾದ ಮೇಲೋ 50 ಅಥವಾ 70 ವರ್ಷಗಳ ಮಿತಿ ಇರಲಿ ಎನ್ನುತ್ತಾನೆ. ಅವನ ತತ್ತ್ವವನ್ನು ಎರವಲು ಪಡೆದವರು ಅವನ ವಿವೇಕವನ್ನು ಎರವಲು ಪಡೆಯಲಿಲ್ಲ.

ಕಾದಾಟಕ್ಕೆ ನೆಲವಾದದ್ದು ಜೇಮ್ಸ್ ಥಾಮ್ಸನ್ನನ 'ದಿ ಸೀಸನ್ಸ್' ಎಂಬ ಋತುವರ್ಣನೆಯ ಕಾವ್ಯ. 1730ರಲ್ಲಿ ಪೂರ್ಣವಾಗಿ ಹೊರಬಂದ ಈ ಕಾವ್ಯ ಬಹು ಜನಪ್ರಿಯವಾಗಿತ್ತು. ಹಕ್ಕನ್ನು ಕೊಂಡಿದ್ದವನು ಆಂಡ್ರೂ ಮಿಲ್ಲರ್. ಕವಿ 1748ರಲ್ಲಿ ಸತ್ತ. ಕಾಯಿದೆಯ ಗಡುವೂ ಮುಗಿಯಿತು. 1763ರಲ್ಲಿ ರಾಬರ್ಟ್ ಟೇಲರ್ ಎಂಬವನು ಅದನ್ನು ಅಚ್ಚು ಹಾಕಿದಾಗ ಮಿಲ್ಲರ್ ದಾವೆ ಹೂಡಿದ. 1769ರಲ್ಲಿ ತೀರ್ಪು ಬಂತು. ಮುಖ್ಯ ನ್ಯಾಯಾಧೀಶ ಮ್ಯಾನ್ಸ್‌ಫೀಲ್ಡ್ ಮತ್ತು ಇನ್ನಿಬ್ಬರು, ಹಕ್ಕು ಶಾಶ್ವತವೆಂದರು. ಯೇಟ್ಸ್ ಎಂಬ ಒಬ್ಬ ನ್ಯಾಯಾಧೀಶ ಮಾತ್ರ ಒಪ್ಪಲಿಲ್ಲ. ಹಿಡಿಯಲಾಗದ, ಬೇಲಿ ಹಾಕಲಾಗದ, ಒಮ್ಮೆ ಲೋಕಕ್ಕೆ ಬಿಟ್ಟ ಮೇಲೆ ಎಲ್ಲರ ಮನಸ್ಸಿನಲ್ಲೂ ನೆಲೆಸುವ ವಸ್ತು ಹೊಲದಂಥ ಸ್ವತ್ತು ಹೇಗಾದೀತು ಎಂಬುದು ಅವನ ಸಂದೇಹ.

ಆ ಹೊತ್ತಿಗೆ ಎಡಿನ್‌ಬರೋದ ಅಲೆಕ್ಸಾಂಡರ್ ಡೊನಾಲ್ಡ್‌ಸನ್ ರಂಗಕ್ಕೆ ಬಂದಿದ್ದ. ಗಡುವು ಮುಗಿದ ಪುಸ್ತಕಗಳನ್ನು ಅಗ್ಗವಾಗಿ ಅಚ್ಚು ಹಾಕಿ, ಲಂಡನ್ನಿನಲ್ಲೇ ಅಂಗಡಿ ತೆರೆದು, ಅಲ್ಲಿಯ ವ್ಯಾಪಾರಿಗಳ ಕಣ್ಣೆದುರಿಗೇ ಅವರಿಗಿಂತ ಕಡಿಮೆ ಬೆಲೆಗೆ ಮಾರುತ್ತಿದ್ದ ಗಟ್ಟಿಗ ಅವನು. 1773ರಲ್ಲಿ ಸ್ಕಾಟ್ಲೆಂಡಿನ ನ್ಯಾಯಾಸ್ಥಾನವು ಬೇರೊಂದು ಮೊಕದ್ದಮೆಯಲ್ಲಿ ಅವನ ಪರವಾಗಿ ತೀರ್ಪಿತ್ತಿತು; ಆಗ ಅವನ ವಕೀಲರಲ್ಲಿ ಒಬ್ಬನು ಜೇಮ್ಸ್ ಬಾಸ್‌ವೆಲ್, ಮುಂದೆ ಡಾಕ್ಟರ್ ಜಾನ್‌ಸನ್ನನ ಜೀವನಚರಿತ್ರೆಯನ್ನು ಬರೆದು ಹೆಸರಾದವನು. ಆದರೆ 'ಸೀಸನ್ಸ್' ಕಾವ್ಯದ ಹಕ್ಕನ್ನು ಮಿಲ್ಲರನ ಮರಣಾನಂತರ 505 ಪೌಂಡಿಗೆ ಕೊಂಡಿದ್ದ ಬೆಕೆಟ್ ಮತ್ತು ಸಂಗಡಿಗರು ಇಂಗ್ಲೆಂಡಿನಲ್ಲಿ ಡೊನಾಲ್ಡ್‌ಸನ್ನನ ಮೇಲೆ ತಡೆಯಾಜ್ಞೆ ತಂದರು. ಅವನು ಪ್ರಭುಸಭೆಗೆ ಮೇಲ್ಮನವಿ ಹೋದ.

1774ನೆಯ ಫೆಬ್ರವರಿ 22ರಂದು ಪ್ರಭುಸಭೆ ಡೊನಾಲ್ಡ್‌ಸನ್ನನ ಪರವಾಗಿ ನಿಂತಿತು. ಗಡುವು ಮುಗಿದರೆ ಹಕ್ಕು ಮುಗಿಯಿತು. ಷೇಕ್ಸ್‌ಪಿಯರ್, ಮಿಲ್ಟನ್, ಥಾಮ್ಸನ್ ಎಲ್ಲರೂ ಒಂದೇ ದಿನದಲ್ಲಿ ಎಲ್ಲರಿಗೂ ಸೇರಿದವರಾದರು. ಅಂದಿನ ಚರ್ಚೆಯಲ್ಲಿ ಲಾರ್ಡ್ ಕ್ಯಾಮ್ಡೆನ್ ಆಡಿದ ಮಾತು ಪ್ರಸಿದ್ಧವಾಗಿದೆ. ಜ್ಞಾನಿಯ ಪ್ರತಿಫಲ ಕೀರ್ತಿ. ಮಿಲ್ಟನ್ 5 ಪೌಂಡನ್ನು ತೆಗೆದುಕೊಂಡದ್ದು ಅದೇ ತನ್ನ ಕಾವ್ಯದ ಬೆಲೆಯೆಂದಲ್ಲ, ಬರುವ ತಲೆಮಾರುಗಳು ಸಲ್ಲಿಸುವ ಅಮರತ್ವವೇ ನಿಜವಾದ ಬೆಲೆಯೆಂದು ಅವನು ಬಲ್ಲ. ಇದು ಕ್ಯಾಮ್ಡೆನ್ನನ ಅಭಿಪ್ರಾಯ.

ಮಾತು ಸೊಗಸಾಗಿದೆ. ಆದರೆ ಇದನ್ನು ಆಡಿದವನು ಹೊಟ್ಟೆಪಾಡಿಗೆ ಬರೆಯಬೇಕಾಗಿರಲಿಲ್ಲ ಎಂಬುದನ್ನು ಮರೆಯಬಾರದು. ಅದೇ ವರ್ಷ ಇತಿಹಾಸಕರ್ತಿ ಕ್ಯಾಥರೀನ್ ಮೆಕಾಲೆ ಗ್ರಂಥಸ್ವಾಮ್ಯದ ಪರವಾಗಿ ಒಂದು ಕಿರುಹೊತ್ತಗೆಯನ್ನು ಪ್ರಕಟಿಸಿ ಇದಕ್ಕೆ ಉತ್ತರ ಕೊಟ್ಟಳು. ಲೇಖಕರೂ ಮನುಷ್ಯರು, ಅವರಿಗೂ ಸಂಸಾರವುಂಟು. ಕೀರ್ತಿಯಿಂದ ಅಂಗಡಿಯ ಬಾಕಿ ತೀರುವುದಿಲ್ಲ ಎಂಬುದು ಅವಳ ವಾದದ ಸಾರ. ನನಗೆ ಈ ಉತ್ತರ ಸರಿಯೆನ್ನಿಸುತ್ತದೆ. ಬರೆಯುವವನು ಉಪವಾಸವಿದ್ದರೇ ಸಾಹಿತ್ಯ ಬೆಳೆಯುತ್ತದೆ ಎಂಬ ನಂಬಿಕೆ ಉಂಡವರ ನಂಬಿಕೆ.

ಇತ್ತ ಜರ್ಮನಿಯಲ್ಲಿ ಇದೇ ಪ್ರಶ್ನೆಗೆ ಬೇರೊಂದು ದಾರಿಯ ಉತ್ತರ ಬಂತು. 1785ರಲ್ಲಿ ಕ್ಯಾಂಟ್ ಒಂದು ಲೇಖನದಲ್ಲಿ, ಪುಸ್ತಕವೆಂದರೆ ಲೇಖಕನು ವಾಚಕರೊಡನೆ ಆಡುವ ಮಾತು ಎಂದ. ಅನುಮತಿಯಿಲ್ಲದೆ ಅಚ್ಚು ಹಾಕುವವನು ಕೇವಲ ವಸ್ತುವನ್ನು ಕದ್ದವನಲ್ಲ. ಇನ್ನೊಬ್ಬನ ಬಾಯಿಂದ, ಅವನು ಒಪ್ಪದೆ, ಮಾತಾಡಿಸಿದವನು. 1793ರಲ್ಲಿ ಫಿಖ್ಟೆ ಇನ್ನೂ ಬಿಡಿಸಿ ಹೇಳಿದ: ಪುಸ್ತಕದ ಕಾಗದ ಕೊಂಡವನದು, ಅದರೊಳಗಿನ ವಿಚಾರ ಅರಿತವರೆಲ್ಲರದು, ಆ ವಿಚಾರಕ್ಕೆ ಲೇಖಕ ಕೊಟ್ಟ ರೂಪ ಮಾತ್ರ ಅವನದು. ಇಂದಿಗೂ ಕಾಪಿರೈಟ್ ಕಾಯಿದೆಗಳು ವಿಚಾರವನ್ನು ಬಿಟ್ಟು ಅದರ ಅಭಿವ್ಯಕ್ತಿಯನ್ನಷ್ಟೇ ಕಾಯುತ್ತವೆ. ಯೇಟ್ಸನ ಸಂದೇಹಕ್ಕೆ ಇದಕ್ಕಿಂತ ಒಳ್ಳೆಯ ಸಮಾಧಾನವನ್ನು ನಾನು ಕಂಡಿಲ್ಲ.

ಹಾಗಾದರೆ ದುಡಿಮೆಯ ವಾದದಲ್ಲಿ ಕೊರತೆ ಎಲ್ಲಿದೆ? ಅದು ಸುಳ್ಳಲ್ಲ, ಆದರೆ ತನಗೆ ಬೇಕಾದುದಕ್ಕಿಂತ ಹೆಚ್ಚನ್ನು ಸಾಧಿಸಿಬಿಡುತ್ತದೆ. ಅಮೆರಿಕದ ರಾಬರ್ಟ್ ನೋಜಿಕ್ 1974ರಲ್ಲಿ ಒಂದು ಚಮತ್ಕಾರದ ಪ್ರಶ್ನೆ ಕೇಳಿದ. ನನ್ನದೊಂದು ಡಬ್ಬಿ ಟೊಮೆಟೊ ರಸವನ್ನು ಸಮುದ್ರಕ್ಕೆ ಸುರಿದರೆ ಸಮುದ್ರ ನನ್ನದಾಯಿತೆ, ಅಥವಾ ರಸ ಹಾಳಾಯಿತೆ? ಕವಿಯ ಸ್ಥಿತಿಯೂ ಹೆಚ್ಚುಕಡಿಮೆ ಹೀಗೆಯೇ. ಅವನ ದುಡಿಮೆ ಬೆರೆಯುವುದು ಬೀಳುನೆಲದೊಡನೆಯಲ್ಲ. ಹಿಂದಿನವರು ಉತ್ತು ಹದಮಾಡಿಟ್ಟ ಭಾಷೆಯೊಡನೆ, ಛಂದಸ್ಸಿನೊಡನೆ, ಕಥೆಗಳೊಡನೆ. ಮಿಲ್ಟನ್ ತನ್ನ ಕಥೆಯನ್ನು ಬೈಬಲ್ಲಿನಿಂದ ತಂದ. ಪಡೆದದ್ದು ಎಲ್ಲರಿಂದ, ಆದ್ದರಿಂದ ತಕ್ಕ ಕೂಲಿ ಸಂದ ಮೇಲೆ ಎಲ್ಲರಿಗೂ ಹಿಂದಿರುಗಬೇಕು. ಗಡುವೆಂಬುದು ಲೇಖಕನಿಗೆ ಮಾಡಿದ ಅನ್ಯಾಯವಲ್ಲ, ಅವನ ಹಕ್ಕು ನ್ಯಾಯವಾಗುವುದೇ ಅದರಿಂದ ಎಂದು ನಾನು ತಿಳಿದಿದ್ದೇನೆ.

1774ರ ತೀರ್ಪಿನಿಂದ ಪುಸ್ತಕೋದ್ಯಮ ನೆಲಕಚ್ಚಲಿಲ್ಲ. 1777ರಿಂದ ಜಾನ್ ಬೆಲ್ ಎಂಬವನು ಇಂಗ್ಲಿಷ್ ಕವಿಗಳ ಕೃತಿಗಳನ್ನು ಒಂದೂವರೆ ಷಿಲಿಂಗಿನ ಸಣ್ಣ ಸಂಪುಟಗಳಲ್ಲಿ ಹೊರತಂದ. ಒಟ್ಟು 109 ಸಂಪುಟಗಳು. ಅವನಿಗೆ ಪೈಪೋಟಿಯಾಗಿ ಲಂಡನ್ನಿನ ವ್ಯಾಪಾರಿಗಳು ತಮ್ಮದೇ ಮಾಲೆಯನ್ನು ಹೂಡಿ, ಕವಿಗಳ ಪರಿಚಯ ಬರೆದುಕೊಡೆಂದು ಜಾನ್‌ಸನ್ನನನ್ನು ಕೇಳಿದರು. ಅವನು ಕೇಳಿದ್ದು 200 ಗಿನಿ. ಬೆಳೆದು ಬಂದದ್ದು ಇಂಗ್ಲಿಷ್ ವಿಮರ್ಶೆಯ ಹಿರಿಯ ಗ್ರಂಥಗಳಲ್ಲೊಂದಾದ 'ಲೈವ್ಸ್ ಆಫ್ ದಿ ಪೊಯೆಟ್ಸ್'.

ಪ್ರಶ್ನೆ ಮತ್ತೆ ತಲೆಯೆತ್ತಿದ್ದು 1841ರಲ್ಲಿ. ಲೇಖಕನು ಸತ್ತ ಮೇಲೆ 60 ವರ್ಷ ಹಕ್ಕು ಉಳಿಯಬೇಕೆಂದು ಟಾಲ್‌ಫರ್ಡ್ ಪಾರ್ಲಿಮೆಂಟಿನಲ್ಲಿ ಮಸೂದೆ ತಂದ. ಫೆಬ್ರವರಿ 5ರಂದು ಅದನ್ನು ಎದುರಿಸಿ ಮಾತಾಡಿದವನು ಥಾಮಸ್ ಮೆಕಾಲೆ. ನಮ್ಮ ದೇಶದ ಶಿಕ್ಷಣದ ಬಗ್ಗೆ 1835ರಲ್ಲಿ ಟಿಪ್ಪಣಿ ಬರೆದು ನಮ್ಮವರಿಂದ ಇಂದಿಗೂ ಬೈಸಿಕೊಳ್ಳುತ್ತಿರುವ ಅದೇ ಮೆಕಾಲೆ. ಇಲ್ಲಿ ಮಾತ್ರ ಅವನ ಮಾತನ್ನು ತಳ್ಳಿಹಾಕುವಂತಿಲ್ಲ. ಗ್ರಂಥಸ್ವಾಮ್ಯವೆಂದರೆ ಲೇಖಕರಿಗೆ ಕೊಡುವುದಕ್ಕಾಗಿ ಓದುಗರ ಮೇಲೆ ಹಾಕುವ ತೆರಿಗೆ. ಅವಶ್ಯಕವಾದ ತೆರಿಗೆ ಹೌದು, ಆದರೆ ಅವಶ್ಯಕತೆಗಿಂತ ಒಂದು ದಿನ ಹೆಚ್ಚು ಇರಬಾರದು ಎಂದ. ಜಾನ್‌ಸನ್ ಸತ್ತು 56 ವರ್ಷವಾಯಿತು. ಇಂದು ಯಾವನೋ ಒಬ್ಬ ವ್ಯಾಪಾರಿ ಅವನ ಕೃತಿಗಳ ಒಡೆಯನಾಗಿರುತ್ತಾನೆಂಬ ಅರಿವಿನಿಂದ ಜಾನ್‌ಸನ್ನನಿಗೆ ಬರೆಯುವಾಗ ಏನು ಹುರುಪು ಬರುತ್ತಿತ್ತು ಎಂದು ಕೇಳಿದ. ಮಿಲ್ಟನ್ನನ ಮೊಮ್ಮಗಳ ಕಥೆಯನ್ನು ಸಭೆಗೆ ನೆನಪಿಸಿದ. ವಾರಸುದಾರರಿಗೆ ಇಷ್ಟವಿಲ್ಲವಾದರೆ ಒಳ್ಳೆಯ ಪುಸ್ತಕವೇ ಮಾಯವಾದೀತು ಎಂದೂ ಎಚ್ಚರಿಸಿದ. ಮಸೂದೆ ಬಿದ್ದುಹೋಯಿತು. 1842ರ ಕಾಯಿದೆ, ಮೊದಲ ಪ್ರಕಟನೆಯಿಂದ 42 ವರ್ಷ ಅಥವಾ ಮರಣಾನಂತರ 7 ವರ್ಷ, ಇವೆರಡರಲ್ಲಿ ಯಾವುದು ದೀರ್ಘವೋ ಅದನ್ನು ಒಪ್ಪಿತು.

ಅದೇ ಲೆಕ್ಕವನ್ನು 1847ರಲ್ಲಿ ಕಂಪನಿ ಸರಕಾರ ಭಾರತಕ್ಕೆ ತಂದಿತು. 1914ರ ಕಾಯಿದೆಯಿಂದ ಅದು ಮರಣಾನಂತರ 50 ವರ್ಷವಾಯಿತು. 1957ರಲ್ಲಿ ಸ್ವತಂತ್ರ ಭಾರತ ಮಾಡಿಕೊಂಡ ಕಾಯಿದೆಯೂ ಅಷ್ಟನ್ನೇ ಉಳಿಸಿಕೊಂಡಿತು. 1941ರಲ್ಲಿ ತೀರಿಕೊಂಡ ರವೀಂದ್ರನಾಥ ಠಾಕೂರರ ಕೃತಿಗಳ ಗಡುವು 1991ರ ಕೊನೆಗೆ ಮುಗಿಯುವುದರಲ್ಲಿತ್ತು. ವಿಶ್ವಭಾರತಿಯ ಕೈಯಿಂದ ಅದು ಜಾರದಿರಲೆಂದು ಕಾಯಿದೆಯನ್ನೇ ತಿದ್ದಿ, 1992ರಲ್ಲಿ 60 ವರ್ಷ ಮಾಡಲಾಯಿತು. ಲಂಡನ್ನಿನಲ್ಲಿ ಮೆಕಾಲೆ ಬೀಳಿಸಿದ ಅದೇ ಅರವತ್ತು, ಒಂದೂವರೆ ಶತಮಾನದ ಮೇಲೆ ದೆಹಲಿಯಲ್ಲಿ ಎದ್ದು ನಿಂತಿತು. ಒಬ್ಬ ಮಹಾಕವಿಯ ಸಲುವಾಗಿ ಮಾಡಿದ್ದು ಭಾರತದ ಎಲ್ಲ ಭಾಷೆಗಳ ಎಲ್ಲ ಲೇಖಕರಿಗೂ ಅನ್ವಯಿಸಿತು. 1963ರಲ್ಲಿ ತೀರಿಕೊಂಡ ಗೋವಿಂದ ಪೈಗಳು ತಮ್ಮ ಜೀವಿತಕಾಲದಲ್ಲಿ ಪ್ರಕಟಿಸಿದ ಕೃತಿಗಳು ಕನ್ನಡಿಗರೆಲ್ಲರ ಸೊತ್ತಾದದ್ದು 2024ರ ಆರಂಭದಲ್ಲಿ.

ಕನ್ನಡ ಪಾಠ ಹೇಳುವ ನನಗೆ ಇದರ ಇನ್ನೊಂದು ಮುಖವೂ ಕಾಣುತ್ತದೆ. ಠಾಕೂರರ ಪುಸ್ತಕಗಳನ್ನು ಅಚ್ಚು ಹಾಕುವವರಿಗೆ ಕೊರತೆಯಿಲ್ಲ. ಆದರೆ ಐವತ್ತು ವರ್ಷಗಳ ಹಿಂದೆ ಒಂದೇ ಮುದ್ರಣ ಕಂಡು ನಿಂತುಹೋದ ಒಳ್ಳೆಯ ಕಾದಂಬರಿಯೋ ವಿಮರ್ಶೆಯೋ ವಿದ್ಯಾರ್ಥಿಗಳಿಗೆ ಬೇಕೆಂದರೆ ಅಂಗಡಿಯಲ್ಲಿಲ್ಲ. ಮರುಮುದ್ರಣಕ್ಕೆ ಒಪ್ಪಿಗೆ ಕೇಳೋಣವೆಂದರೆ ವಾರಸುದಾರರು ಯಾವ ಊರಿನಲ್ಲಿದ್ದಾರೋ ತಿಳಿಯದು. ಅವರಿಗೆ ಅದರಿಂದ ಒಂದು ಕಾಸೂ ಬರುತ್ತಿಲ್ಲ. ಓದುಗನಿಗೆ ಪುಸ್ತಕವೂ ಬರುತ್ತಿಲ್ಲ. ಹಕ್ಕು ಮಾತ್ರ ಕಾಯಿದೆಯ ಪುಸ್ತಕದಲ್ಲಿ ಭದ್ರವಾಗಿದೆ.

ಬದುಕಿರುವ ಲೇಖಕನ ಪುಸ್ತಕವನ್ನು ಅವನಿಗೆ ತಿಳಿಸದೆ ನಕಲು ಮಾಡಿ ಮಾರುವುದು ಕಳ್ಳತನವೇ, ಅದಕ್ಕೆ ಕ್ಷಮೆಯಿಲ್ಲ. ಅವನಿಗೂ ಅವನನ್ನು ನಂಬಿದವರಿಗೂ ಸಲ್ಲಬೇಕಾದದ್ದು ಸಲ್ಲಲೇಬೇಕು. ಆದರೆ ಗಡುವನ್ನು ಇನ್ನಷ್ಟು ಬೆಳೆಸಬೇಕೆಂಬ ಕೂಗು ಎದ್ದಾಗಲೆಲ್ಲ, ಅದು ಬರೆದವನ ಹೆಸರಿನಲ್ಲಿ ಯಾರಿಗಾಗಿ ಎದ್ದ ಕೂಗು ಎಂದು ಕೇಳುವುದು ಒಳ್ಳೆಯದು. 1752ರಲ್ಲಿ ಲಂಡನ್ನಿನ ನ್ಯಾಯಾಸ್ಥಾನದಲ್ಲಿ ಮಿಲ್ಟನ್ನನ ಕಾವ್ಯಕ್ಕೆ ಸಿಕ್ಕ ರಕ್ಷಣೆಯಿಂದ ಅವನ ಮೊಮ್ಮಗಳಿಗೆ ಒಂದು ಪೆನ್ನಿಯೂ ಸಿಕ್ಕಲಿಲ್ಲ.