ಉಪಾಧ್ಯಾಯನನ್ನು ಆರಿಸುವ ಅಧಿಕಾರ

1857ರಲ್ಲಿ ಕಲ್ಕತ್ತೆ, ಮುಂಬಯಿ, ಮದರಾಸುಗಳಲ್ಲಿ ಸ್ಥಾಪಿತವಾದ ವಿಶ್ವವಿದ್ಯಾನಿಲಯಗಳು ಮೊದಮೊದಲು ಪಾಠ ಹೇಳುವ ಸಂಸ್ಥೆಗಳಾಗಿರಲಿಲ್ಲ. ಪರೀಕ್ಷೆ ನಡೆಯಿಸಿ ಪದವಿಯನ್ನು ಕೊಡುವುದಷ್ಟೇ ಅವುಗಳ ಕಾರ್ಯವಾಗಿತ್ತು. ಪಾಠ ನಡೆಯುತ್ತಿದ್ದುದು ಕಾಲೇಜುಗಳಲ್ಲಿ. ಅವುಗಳನ್ನು ಸರಕಾರದವರೋ, ಪಾದ್ರಿಗಳೋ, ಊರಿನ ಉದಾರಿಗಳೋ ಕಟ್ಟಿದ್ದರು; ಕಟ್ಟಿದವರೇ ಉಪಾಧ್ಯಾಯರನ್ನೂ ಗೊತ್ತುಮಾಡುತ್ತಿದ್ದರು. 1904ರ ವಿಶ್ವವಿದ್ಯಾನಿಲಯ ಶಾಸನದಿಂದ ಈ ಸ್ಥಿತಿ ಬದಲಾಯಿತು. ಅಂದಿನಿಂದ ಕಾಲೇಜುಗಳನ್ನು ತನಿಖೆಮಾಡುವ, ಅಲ್ಲಿಯ ಉಪಾಧ್ಯಾಯವರ್ಗದ ಯೋಗ್ಯತೆಯನ್ನು ವಿಚಾರಿಸಿ ಸಂಯೋಜನೆ ಕೊಡುವ ಅಧಿಕಾರ ವಿಶ್ವವಿದ್ಯಾನಿಲಯಗಳಿಗೆ ದೊರೆಯಿತು. ಯೋಗ್ಯತೆಯನ್ನು ಅಳೆಯತಕ್ಕವರು ಒಬ್ಬರು, ವ್ಯಕ್ತಿಯನ್ನು ಆರಿಸತಕ್ಕವರು ಇನ್ನೊಬ್ಬರು ಎಂಬ ಈ ಏರ್ಪಾಡಿನಲ್ಲಿ ಮುಂದೆ ಕಲಹವುಂಟಾದುದು ಆಶ್ಚರ್ಯವಲ್ಲ.

ಸ್ವಾತಂತ್ರ್ಯಾನಂತರ ಆ ಕಲಹವು ನ್ಯಾಯಸ್ಥಾನದ ಮೆಟ್ಟಿಲೇರಿತು. 1950ರಲ್ಲಿ ಜಾರಿಗೆ ಬಂದ ಸಂವಿಧಾನದ 30ನೆಯ ಅನುಚ್ಛೇದವು, ಧರ್ಮದಿಂದಾಗಲಿ ಭಾಷೆಯಿಂದಾಗಲಿ ಅಲ್ಪಸಂಖ್ಯಾತರಾದವರು ತಮಗೆ ಇಷ್ಟವಾದ ವಿದ್ಯಾಸಂಸ್ಥೆಗಳನ್ನು ಸ್ಥಾಪಿಸಿ ಆಡಳಿತ ನಡೆಯಿಸಬಹುದೆಂದು ಸಾರಿತು. ಬಿಹಾರದಲ್ಲಿ 1961ರ ತಿದ್ದುಪಡಿಯೊಂದು, ಖಾಸಗಿ ಕಾಲೇಜಿನ ಉಪಾಧ್ಯಾಯರನ್ನು ನೇಮಿಸುವುದೂ ತೆಗೆಯುವುದೂ ವಿಶ್ವವಿದ್ಯಾನಿಲಯ ಸೇವಾ ಆಯೋಗದ ಶಿಫಾರಸಿನ ಮೇಲೆಯೇ ನಡೆಯತಕ್ಕದ್ದೆಂದು ವಿಧಿಸಿದಾಗ, ರಾಂಚಿಯ ಸಂತ ಝೇವಿಯರ್ ಕಾಲೇಜು ತಕರಾರು ಹೂಡಿತು. ಆ ಕಾಲೇಜಿನ ಬಾಗಿಲು ಎಲ್ಲ ಜಾತಿಮತದವರಿಗೂ ತೆರೆದಿರುವುದರಿಂದ ಅದಕ್ಕೆ ಈ ರಕ್ಷಣೆ ಸಲ್ಲದೆಂಬುದು ಪ್ರತಿವಾದ. ಉದಾರವಾಗಿ ಎಲ್ಲರಿಗೂ ಕಲಿಸಿದ್ದೇ ಅಪರಾಧವಾಯಿತೆಂದಂತೆ! ಸರ್ವೋಚ್ಚ ನ್ಯಾಯಾಲಯವು 1968ರಲ್ಲಿ ಈ ವಾದವನ್ನು ತಳ್ಳಿಹಾಕಿತು.

ಎಲ್ಲೆ ಯಾವುದೆಂಬುದು ಇನ್ನೂ ಸ್ಪಷ್ಟವಾಗಿ ಕಂಡುಬಂದುದು ಪಂಜಾಬಿನ ವ್ಯಾಜ್ಯದಲ್ಲಿ. 1969ರಲ್ಲಿ ಅಮೃತಸರದಲ್ಲಿ ಸ್ಥಾಪಿತವಾದ ಗುರುನಾನಕ್ ವಿಶ್ವವಿದ್ಯಾನಿಲಯವು ತನ್ನ ಸಂಯೋಜಿತ ಕಾಲೇಜುಗಳಿಗೆ ಕೆಲವು ನಿಯಮಗಳನ್ನು ರಚಿಸಿತು. ಅವುಗಳಲ್ಲಿ 17ನೆಯದರಂತೆ ಉಪಾಧ್ಯಾಯರ ನೇಮಕಕ್ಕೆ ವೈಸ್ ಛಾನ್ಸಲರರ ಒಪ್ಪಿಗೆ ಬೇಕಾಗಿತ್ತು. 18ನೆಯದರಂತೆ ಉಪಾಧ್ಯಾಯರ ಸೇವೆ, ನಡತೆಗಳ ವಿಷಯದಲ್ಲಿ ವಿಶ್ವವಿದ್ಯಾನಿಲಯದ ಕಟ್ಟಳೆಗಳನ್ನು ಪಾಲಿಸತಕ್ಕದ್ದಾಗಿತ್ತು. ಆರ್ಯಸಮಾಜದ ಡಿ.ಎ.ವಿ. ಕಾಲೇಜುಗಳು ಇವನ್ನು ಪ್ರಶ್ನಿಸಿದುವು. ದೇಶದಲ್ಲೆಲ್ಲ ಬಹುಸಂಖ್ಯಾತರಾದ ಹಿಂದುಗಳು ಆ ಪ್ರಾಂತದಲ್ಲಿ ಅಲ್ಪಸಂಖ್ಯಾತರಾದುದರಿಂದ ಅವರ ಮಾತಿಗೆ ಆಧಾರವಿದ್ದಿತು. 1971ರ ತೀರ್ಪಿನಲ್ಲಿ ನ್ಯಾಯಾಲಯವು 17ನೆಯ ನಿಯಮವನ್ನು ಅವರ ಮಟ್ಟಿಗೆ ರದ್ದುಮಾಡಿ, 18ನೆಯದನ್ನು ಎತ್ತಿಹಿಡಿಯಿತು. ಅಳತೆಗೋಲು ವಿಶ್ವವಿದ್ಯಾನಿಲಯದ ಕೈಯಲ್ಲಿರಬಹುದು. ಆಯ್ಕೆ ಮಾತ್ರ ಕಾಲೇಜಿನದು ಎಂಬುದೇ ಇದರ ಇಂಗಿತ.

1974ರಲ್ಲಿ ಒಂಬತ್ತು ಮಂದಿ ನ್ಯಾಯಮೂರ್ತಿಗಳ ಪೀಠವು ಇದೇ ಪ್ರಶ್ನೆಯನ್ನು ವಿಸ್ತಾರವಾಗಿ ಪರಿಶೀಲಿಸಿತು. ಈ ಸಲ ಮೊರೆಹೊಕ್ಕುದು ಅಹಮದಾಬಾದಿನ ಸಂತ ಝೇವಿಯರ್ ಕಾಲೇಜು. 1972ರಲ್ಲಿ ತಿದ್ದುಪಡಿಯಾದ ಗುಜರಾತ ವಿಶ್ವವಿದ್ಯಾನಿಲಯ ಶಾಸನವು, ಉಪಾಧ್ಯಾಯರನ್ನು ಆರಿಸುವ ಸಮಿತಿಯಲ್ಲಿ ವೈಸ್ ಛಾನ್ಸಲರರ ಪ್ರತಿನಿಧಿಯಿರಬೇಕೆಂದೂ, ಉಪಾಧ್ಯಾಯನನ್ನು ಕೆಲಸದಿಂದ ತೆಗೆಯಬೇಕಾದರೆ ವೈಸ್ ಛಾನ್ಸಲರರ ಇಲ್ಲವೆ ಅವರು ನಿಯಮಿಸಿದ ಅಧಿಕಾರಿಯ ಅನುಮೋದನೆ ಬೇಕೆಂದೂ ಹೇಳಿತ್ತು. ಯೋಗ್ಯತೆಯನ್ನು ಗೊತ್ತುಮಾಡುವುದು ಸರಿ, ಆಡಳಿತವನ್ನೇ ಕೈಗೆ ತೆಗೆದುಕೊಳ್ಳುವುದು ಸರಿಯಲ್ಲ ಎಂದು ಬಹುಮತದ ತೀರ್ಪಾಯಿತು. ನ್ಯಾಯಮೂರ್ತಿ ಖನ್ನಾ ಅವರು ಉಪಾಧ್ಯಾಯರ ಆಯ್ಕೆಯನ್ನು ಆಡಳಿತದ ಹಕ್ಕಿನ ಮುಖ್ಯ ಅಂಗವೆಂದೇ ಎಣಿಸಿದರು. ಅನುಮೋದನೆಯ ಅಧಿಕಾರಕ್ಕೆ ಶಾಸನವು ಯಾವ ಕಟ್ಟುಪಾಡನ್ನೂ ಹಾಕಿಲ್ಲವೆಂಬುದು ಅವರ ಆಕ್ಷೇಪ. ನ್ಯಾಯಮೂರ್ತಿ ದ್ವಿವೇದಿಯವರು ಬಹುಮತಕ್ಕೆ ಸೇರಲಿಲ್ಲ.

ಈ ವಾದಗಳೆಲ್ಲ ಸಂಸ್ಥೆಗೂ ವಿಶ್ವವಿದ್ಯಾನಿಲಯಕ್ಕೂ ನಡುವಣ ಮಾತುಗಳಾದುವು. ಇವರಿಬ್ಬರ ಮಧ್ಯೆ ನಿಂತಿದ್ದ ಉಪಾಧ್ಯಾಯನ ಗತಿಯೇನು? ಆಡಳಿತ ಮಂಡಲಿಯ ಮುನಿಸಿಗೆ ಗುರಿಯಾದವನಿಗೆ ಆ ಅನುಮೋದನೆಯ ನಿಯಮವು ಒಂದು ಆಸರೆಯಾಗಿದ್ದಿತು. ಕಾಲೇಜಿಗೆ ಸ್ವಾತಂತ್ರ್ಯ ದೊರೆತ ದಿನವೇ ಅವನ ಆಸರೆ ತಪ್ಪಿತೆಂಬುದನ್ನು ಮರೆಯಲಾಗದು. ಆಡಳಿತದ ಹಕ್ಕಿನಲ್ಲಿ ದುರಾಡಳಿತದ ಹಕ್ಕು ಅಡಗಿಲ್ಲವೆಂದು ಕೇರಳದ ವಿದ್ಯಾಭ್ಯಾಸ ಮಸೂದೆಯ ಕುರಿತು 1958ರಲ್ಲಿಯೇ ಸರ್ವೋಚ್ಚ ನ್ಯಾಯಾಲಯವು ಎಚ್ಚರಿಸಿತ್ತು. ಆದರೆ ದುರಾಡಳಿತವಾಯಿತೆಂದು ಸಾಧಿಸುವ ಭಾರ ಬೀಳುತ್ತಿದ್ದುದು ಕೆಲಸ ಕಳೆದುಕೊಂಡ ಬಡ ಉಪಾಧ್ಯಾಯನ ಹೆಗಲಿನ ಮೇಲೆ.

ಇದಕ್ಕೆ ಅಷ್ಟಿಷ್ಟು ಸಮಾಧಾನ ಸಿಕ್ಕಿದುದು ಕನ್ನಡನಾಡಿನಿಂದ ಹೋದ ಮೊಕದ್ದಮೆಯಲ್ಲಿ. ಮಣಿಪಾಲದ ಟಿ.ಎಂ.ಎ. ಪೈ ಪ್ರತಿಷ್ಠಾನದ ವ್ಯಾಜ್ಯದಲ್ಲಿ 2002ರ ಅಕ್ಟೋಬರ್ 31ರಂದು ಹನ್ನೊಂದು ನ್ಯಾಯಮೂರ್ತಿಗಳ ಪೀಠವು ತೀರ್ಪಿತ್ತು, ವಿದ್ಯಾಸಂಸ್ಥೆಯನ್ನು ಕಟ್ಟುವ ಹಕ್ಕು ಅಲ್ಪಸಂಖ್ಯಾತರಿಗಷ್ಟೇ ಅಲ್ಲ, ಎಲ್ಲ ಪ್ರಜೆಗಳಿಗೂ ಉಂಟೆಂದೂ, ಸಿಬ್ಬಂದಿಯನ್ನು ನೇಮಿಸುವುದು ಅದರ ಭಾಗವೆಂದೂ ಹೇಳಿತು. ಶಿಸ್ತಿನ ಕ್ರಮಕ್ಕೆ ಮುಂಗಡವಾಗಿ ಸರಕಾರದ ಒಪ್ಪಿಗೆ ಬೇಡ. ಆದರೆ ನೊಂದ ಉಪಾಧ್ಯಾಯನ ದೂರನ್ನು ಕೇಳಲು ಜಿಲ್ಲಾ ನ್ಯಾಯಾಧೀಶರ ದರ್ಜೆಯವರ ನ್ಯಾಯಮಂಡಲಿ ಇರತಕ್ಕದ್ದೆಂದು ಸೂಚಿಸಿತು. ಇಷ್ಟಾದರೂ ಎಲ್ಲೆಯು ಶಾಶ್ವತವಾಗಿ ನೆಟ್ಟ ಕಲ್ಲಾಗಲಿಲ್ಲ. ಬಂಗಾಳದ ಅನುದಾನಿತ ಮದರಸಾಗಳ ಉಪಾಧ್ಯಾಯರನ್ನು ಆಯೋಗವೊಂದು ಆರಿಸಬೇಕೆಂದು ವಿಧಿಸಿದ 2008ರ ಶಾಸನವನ್ನು ಅದೇ ನ್ಯಾಯಾಲಯವು 2020ರ ಜನವರಿಯಲ್ಲಿ ಊರ್ಜಿತವೆಂದು ಸಾರಿತು.